ತಿವೊಲಿಯ ಎರಡು ವಿಲ್ಲಾ: ಟೂರ್ ಬಸ್ಸಲ್ಲಿ ಒಂದು ಸಲ, ನಾವೇ ಒಂದು ಸಲ, ಅರ್ಧ ದಿನದ ಗೈಡ್ ಜೊತೆ ಒಂದು ಸಲ

ನಾವು ಮಿಲಾನ್‌ಗೆ ಬಂದು ನಾಲ್ಕು ವರ್ಷ ಆಯಿತು. ಊರಿಂದ ಯಾರು ಬಂದರೂ ರೋಮ್ ನೋಡಬೇಕು ಅನ್ನುತ್ತಾರೆ. ರೋಮ್‌ಗೆ ಹೋದವರನ್ನು ನಾನು ಒಂದು ದಿನ ತಿವೊಲಿಗೆ ಕರೆದುಕೊಂಡು ಹೋಗುತ್ತೇನೆ. ರೋಮ್‌ನಿಂದ ಸುಮಾರು 30 ಕಿಲೋಮೀಟರ್ ಪೂರ್ವಕ್ಕೆ, ಬೆಟ್ಟದ ಅಂಚಿನಲ್ಲಿರುವ ಊರು. ಅಲ್ಲಿ ಎರಡು ವಿಲ್ಲಾ ಇವೆ, ಎರಡೂ ಯುನೆಸ್ಕೋ ಪಟ್ಟಿಯಲ್ಲಿವೆ. ಕೆಳಗೆ ಬಯಲಲ್ಲಿ ವಿಲ್ಲಾ ಅದ್ರಿಯಾನಾ, ಅಂದರೆ ರೋಮ್ ಚಕ್ರವರ್ತಿ ಹೇಡ್ರಿಯನ್ ಕ್ರಿಸ್ತಶಕ 118ರ ಸುಮಾರಿಗೆ ಶುರು ಮಾಡಿ ಕಟ್ಟಿಸಿದ ಅರಮನೆ. ಮೇಲೆ ಊರೊಳಗೆ ವಿಲ್ಲಾ ದೆಸ್ತೆ, 16ನೇ ಶತಮಾನದಲ್ಲಿ ಕಾರ್ಡಿನಲ್ (ಕ್ಯಾಥೊಲಿಕ್ ಚರ್ಚಿನ ಹಿರಿಯ ಧರ್ಮಗುರು) ಇಪ್ಪೊಲಿತೊ ದೆಸ್ತೆ ಮಾಡಿಸಿದ ಕಾರಂಜಿಗಳ ತೋಟ. ನಾನು ಮೂರು ಸಲ ಹೋಗಿದ್ದೇನೆ, ಮೂರೂ ಸಲ ಬೇರೆ ಬೇರೆ ರೀತಿಯಲ್ಲಿ. ಯಾವುದಕ್ಕೆ ದುಡ್ಡು ಕೊಡಬೇಕು, ಯಾವುದಕ್ಕೆ ಬೇಡ ಅಂತ ನನಗೆ ಈಗ ಚೆನ್ನಾಗಿ ಗೊತ್ತಾಗಿದೆ, ಅದಕ್ಕೇ ಬರೆಯುತ್ತಿದ್ದೇನೆ.

ಮೊದಲ ಸಲ ರೋಮ್‌ನಿಂದ ಟೂರ್ ಬಸ್. ತಂಗಿ ಮತ್ತು ಅವಳ ಗಂಡ ಬಂದಿದ್ದರು. ತಲೆಗೆ ಹೆಚ್ಚುಕಡಿಮೆ ನೂರು ಯೂರೋ. ಎರಡೂ ವಿಲ್ಲಾದ ಟಿಕೆಟ್, ಊಟ, ಗೈಡ್, ಎಲ್ಲ ಸೇರಿ. ಬೆಳಗ್ಗೆ ಎಂಟಕ್ಕೆ ಹತ್ತಿದರೆ ಸಂಜೆ ನಾಲ್ಕಕ್ಕೆ ವಾಪಸ್. ಕೇಳಲು ಬಹಳ ಸುಲಭ ಅನ್ನಿಸುತ್ತದೆ ಅಲ್ವಾ? ಬಸ್ಸಿನ ಮಟ್ಟಿಗೆ ನಿಜವಾಗಿಯೂ ಸುಲಭ. ಎಲ್ಲಿ ಇಳಿಯಬೇಕು, ಟಿಕೆಟ್ ಎಲ್ಲಿ ಕೊಳ್ಳಬೇಕು ಅನ್ನುವ ಯೋಚನೆಯೇ ಇಲ್ಲ. ದಾರಿಯಲ್ಲಿ ಟ್ರಾವರ್ಟೀನ್ ಕಲ್ಲಿನ ಗಣಿಗಳು ಕಾಣುತ್ತವೆ, ಕೊಲೋಸಿಯಂಗೆ ಕಲ್ಲು ಹೋದದ್ದು ಈ ಬಯಲಿಂದಲೇ. ಬಾನ್ಯಿ ದಿ ತಿವೊಲಿ ಹತ್ತಿರ ಗಂಧಕದ ನೀರಿನ ವಾಸನೆ ಬಸ್ಸಿನೊಳಗೇ ಬಂತು. ರೋಮನ್ನರು ಸ್ನಾನಕ್ಕೆ ಬರುತ್ತಿದ್ದ ಬುಗ್ಗೆಗಳು ಇವು ಅಂತ ಗೈಡ್ ಹೇಳಿದರು.

ತೊಂದರೆ ಇಳಿದ ಮೇಲೆ ಶುರುವಾಯಿತು. ನಾವು ನಲವತ್ತಕ್ಕೂ ಜಾಸ್ತಿ ಜನ ಇದ್ದೆವು. ಗೈಡ್ ಪ್ರತಿ ಮಾತನ್ನೂ ಮೂರು ಭಾಷೆಯಲ್ಲಿ ಹೇಳಬೇಕಿತ್ತು. ಇಂಗ್ಲಿಷ್ ಸರದಿ ಬರುವಷ್ಟರಲ್ಲಿ ಮುಂದಿನವರು ಮುಂದಿನ ಗೋಡೆ ಹತ್ತಿರ ಇರುತ್ತಿದ್ದರು. ವಿಲ್ಲಾ ಅದ್ರಿಯಾನಾ ಇರುವುದು ಸುಮಾರು 120 ಹೆಕ್ಟೇರ್, ಅಂದರೆ 300 ಎಕರೆ ಹತ್ತಿರ. ನಮ್ಮ ಲಾಲ್‌ಬಾಗ್ 240 ಎಕರೆ, ಅದಕ್ಕಿಂತ ದೊಡ್ಡದು. ಅದಕ್ಕೆ ಸಿಕ್ಕಿದ್ದು ಒಂದು ಗಂಟೆ ಹತ್ತು ನಿಮಿಷ. ಆಮೇಲೆ ಊಟಕ್ಕೆ ಒಂದೂವರೆ ಗಂಟೆ. ಸಸ್ಯಾಹಾರಿ ಅಂತ ಮೊದಲೇ ಹೇಳಿದ್ದರೂ ನಮಗೆ ಬಂದದ್ದು ಟೊಮೇಟೊ ಸಾಸ್ ಹಾಕಿದ ಪಾಸ್ತಾ, ಒಂದಿಷ್ಟು ಸೊಪ್ಪು. ಅದಾದ ಮೇಲೆ ವಿಲ್ಲಾ ದೆಸ್ತೆಗೆ ಉಳಿದದ್ದು ಐವತ್ತೈದು ನಿಮಿಷ. ಅದರಲ್ಲೂ ಇಪ್ಪತ್ತು ನಿಮಿಷ ಮೇಲಿನ ಅರಮನೆಯ ಕೋಣೆಗಳಲ್ಲೇ ಹೋಯಿತು. ಅಲ್ಲಿನ ಆರ್ಗನ್ ಕಾರಂಜಿ, ಅಂದರೆ ನೀರಿನ ಬಲದಿಂದಲೇ ನುಡಿಯುವ ಕೊಳವೆ ವಾದ್ಯ, ಬೆಳಗ್ಗೆ 10:30ರಿಂದ ಎರಡು ಗಂಟೆಗೊಮ್ಮೆ ನುಡಿಯುತ್ತದೆ. ನಮ್ಮನ್ನು ಬಸ್ ಹತ್ತಿಸಿದ್ದು 2:10ಕ್ಕೆ. ಇನ್ನು ಇಪ್ಪತ್ತು ನಿಮಿಷ ನಿಂತಿದ್ದರೆ ಕೇಳಬಹುದಿತ್ತು. ಆ ಆರ್ಗನ್ ಕೇಳಬೇಕು ಅಂತಲೇ ತಂಗಿ ಬಂದಿದ್ದಳು. ಈಗಲೂ ನೆನೆಸಿಕೊಂಡರೆ ನನಗೆ ಬೇಜಾರಾಗುತ್ತದೆ.

ಎರಡನೇ ಸಲ ನಾನು ಮತ್ತು ನನ್ನ ಗಂಡ ಇಬ್ಬರೇ, ಗೈಡೂ ಇಲ್ಲ ಟೂರೂ ಇಲ್ಲ. ಆಗಸ್ಟ್ ತಿಂಗಳು. ರೋಮಾ ತಿಬುರ್ತಿನಾ ಸ್ಟೇಷನ್ನಿಂದ ರೈಲು, ಗಂಟೆ ಒಳಗೆ ತಿವೊಲಿ, ಇಬ್ಬರದೂ ಸೇರಿ ಟಿಕೆಟ್‌ಗೆ ಹತ್ತು ಯೂರೋ ಕೂಡ ಆಗಲಿಲ್ಲ. ಸ್ಟೇಷನ್ನಿಂದ ಅನಿಯೇನೆ ನದಿ ದಾಟಿ ಹಳೇ ಊರೊಳಗೆ ನಡೆದರೆ ವಿಲ್ಲಾ ದೆಸ್ತೆ ಬಾಗಿಲು.

ಅವತ್ತಿನ ಬೆಳಗ್ಗೆಯನ್ನು ನಾನು ಮರೆಯುವುದಿಲ್ಲ. ಯಾರೂ ಕರೆಯುವವರಿಲ್ಲ, ಬಾವುಟ ಹಿಡಿದು ಮುಂದೆ ನಡೆಯುವವರಿಲ್ಲ. ನೂರು ಕಾರಂಜಿಗಳ ಸಾಲಿನ ಮುಂದೆ ಸುಮ್ನೆ ನಡೆದೆವು. ಸುಮಾರು ನೂರು ಮೀಟರ್ ಉದ್ದದ ದಾರಿ, ಮೂರು ಅಂತಸ್ತಿನಲ್ಲಿ ನೀರು, ಪಾಚಿ ಕಟ್ಟಿದ ಮುಖಗಳ ಬಾಯಿಂದ ಸಣ್ಣ ಸಣ್ಣ ಧಾರೆ. ಒಂದು ತುದಿಯಲ್ಲಿ ಮೊಟ್ಟೆಯಾಕಾರದ ದೊಡ್ಡ ಕಾರಂಜಿ, ಇನ್ನೊಂದು ತುದಿಯಲ್ಲಿ ರೋಮ್ ನಗರದ ಪುಟ್ಟ ಮಾದರಿ, ಅದರ ಹೆಸರೇ ರೊಮೆತ್ತಾ. 12:30ಕ್ಕೆ ಆರ್ಗನ್ ಕಾರಂಜಿ ಹತ್ತಿರ ನಿಂತೆವು. ಸಣ್ಣ ಬಾಗಿಲು ತೆರೆಯಿತು, ಕೊಳವೆಗಳು ಕಂಡವು, ನಾಲ್ಕೈದು ನಿಮಿಷ ನುಡಿಯಿತು. ಬೀಳುವ ನೀರು ತನ್ನ ಜೊತೆ ಗಾಳಿಯನ್ನು ಎಳೆದುಕೊಂಡು ಒಂದು ಕೋಣೆಗೆ ನುಗ್ಗುತ್ತದೆ, ಅಲ್ಲಿ ಗಾಳಿ ಬೇರೆಯಾಗಿ ಕೊಳವೆಗಳಿಗೆ ಏರುತ್ತದೆ, ನೀರು ಹೋಗಿ ಚಕ್ರ ತಿರುಗಿಸುತ್ತದೆ, ಚಕ್ರ ಸ್ವರಗಳ ಸಿಲಿಂಡರನ್ನು ತಿರುಗಿಸುತ್ತದೆ. ಎಷ್ಟೋ ಕಾಲ ಕೆಟ್ಟು ಮೌನವಾಗಿದ್ದದ್ದನ್ನು 2003ರಲ್ಲಿ ಸರಿ ಮಾಡಿದರು. ಇದನ್ನು ತಿಳಿಯಲು ಗೈಡ್ ಬೇಕಾಗಲಿಲ್ಲ, ಮೊದಲೇ ಓದಿಕೊಂಡು ಹೋಗಿದ್ದೆ. ಬೇಕಾಗಿದ್ದು ಹೊತ್ತು ಮಾತ್ರ. ಗೂಬೆ ಕಾರಂಜಿಯನ್ನೂ ನೋಡಿದೆವು. ಹಕ್ಕಿಗಳು ಹಾಡುತ್ತಿರುತ್ತವೆ, ಗೂಬೆ ತಿರುಗಿ ಮುಖ ತೋರಿಸಿದ ಕೂಡಲೇ ಎಲ್ಲ ಸುಮ್ಮನಾಗುತ್ತವೆ. ಪಕ್ಕದಲ್ಲಿದ್ದ ಮಕ್ಕಳ ಜೊತೆ ನಾವೂ ಎರಡು ಸಲ ಕಾದು ನೋಡಿದೆವು.

ಹೀಗೆ ನಾಲ್ಕು ಗಂಟೆ ಕಳೆದು, ಊರ ಬಸ್ಸಿನ ಸ್ಟಾಪ್ ಹುಡುಕಿ, ಬಸ್ ಹಿಡಿದು ವಿಲ್ಲಾ ಅದ್ರಿಯಾನಾ ತಲುಪಿದಾಗ ಮಧ್ಯಾಹ್ನ ಮೂರೂವರೆ. ಬಿಸಿಲೆಂದರೆ ಬಿಸಿಲು. ಗೇಟಿಂದ ಒಳಗೆ ಏರು ದಾರಿ, ಅಲ್ಲಲ್ಲಿ ಆಲಿವ್ ಮರಗಳ ನೆರಳು, ಅಷ್ಟೇ. ಕೈಯಲ್ಲಿ ನಕ್ಷೆ ಇತ್ತು, ಫೋನಿನಲ್ಲಿ ಆಡಿಯೋ ಇತ್ತು. ಆದರೂ ಒಂದು ಗೋಡೆಗೂ ಇನ್ನೊಂದು ಗೋಡೆಗೂ ಏನು ಸಂಬಂಧ ಅಂತ ತಿಳಿಯಲಿಲ್ಲ. ಕನೊಪಸ್ ಕೊಳ ಮಾತ್ರ ಯಾರಿಗಾದರೂ ಹಿಡಿಸುತ್ತದೆ. ಉದ್ದನೆ ನೀರು, ಸುತ್ತ ಕಂಬ, ಕಲ್ಲಿನ ಮೊಸಳೆ. ಉಳಿದದ್ದೆಲ್ಲ ನನ್ನ ಗಂಡನಿಗೆ ಇಟ್ಟಿಗೆ ಗೋಡೆಗಳ ಹಾಗೆ ಕಂಡಿತು, ಸುಸ್ತಾಗಿ ಐದಕ್ಕೇ ಹೊರಟೆವು. ತಪ್ಪು ಅವರದಲ್ಲ. ಅಲ್ಲಿನ ಅಮೃತಶಿಲೆ ಯಾವತ್ತೋ ಹೋಗಿದೆ. ಉಳಿದದ್ದು ಒಳಗಿನ ಅಸ್ಥಿಪಂಜರ. ಅದನ್ನು ಓದಲು ಯಾರಾದರೂ ಕಲಿಸಬೇಕು.

ಮೂರನೇ ಸಲ ಅಪ್ಪ ಅಮ್ಮ ಬಂದಿದ್ದರು, ಕಳೆದ ಅಕ್ಟೋಬರ್‌ನಲ್ಲಿ. ಅಮ್ಮನಿಗೆ ಮಂಡಿ ನೋವು. ಅಪ್ಪ ಪಿಡಬ್ಲ್ಯೂಡಿಯಲ್ಲಿ ಇಂಜಿನಿಯರ್ ಆಗಿದ್ದವರು. ಈ ಸಲ ನಾನು ಮಾಡಿದ್ದು ಹೀಗೆ: ಹೋಗಿ ಬರುವುದು ನಮ್ಮದೇ, ಗೈಡ್ ವಿಲ್ಲಾ ಅದ್ರಿಯಾನಾಗೆ ಮಾತ್ರ, ಎರಡೂವರೆ ಗಂಟೆಗೆ. ಇಟಲಿಯಲ್ಲಿ ಗೈಡ್‌ಗಳಿಗೆ ಲೈಸೆನ್ಸ್ ಇರಬೇಕು, ಹಾಗಾಗಿ ಲೈಸೆನ್ಸ್ ಇದೆಯಾ ಅಂತ ಕೇಳಿಯೇ ಬುಕ್ ಮಾಡಿದೆ. 150 ಯೂರೋ ಆಯಿತು. ಮಿಲಾನ್‌ನ ಇನ್ನೊಂದು ಕನ್ನಡದ ಮನೆಯವರೂ ಜೊತೆಗಿದ್ದರು, ಒಟ್ಟು ಏಳು ಜನ, ಹಂಚಿಕೊಂಡಾಗ ತಲೆಗೆ 22 ಯೂರೋ ಕೂಡ ಬರಲಿಲ್ಲ. ಪೊಂತೆ ಮಮ್ಮೊಲೊ ಮೆಟ್ರೋ ಸ್ಟೇಷನ್ ತನಕ ಬಿ ಲೈನ್, ಅಲ್ಲಿಂದ ಕೊತ್ರಾಲ್ ಬಸ್. ಇಲ್ಲಿ ಒಂದು ವಿಷಯ ಗಮನಿಸಿ. ತಿವೊಲಿಗೆ ಎರಡು ದಾರಿಯಲ್ಲಿ ಬಸ್ ಹೋಗುತ್ತದೆ. ಪ್ರೆನೆಸ್ತಿನಾ ರಸ್ತೆಯಲ್ಲಿ ಹೋಗುವುದು ವಿಲ್ಲಾ ಅದ್ರಿಯಾನಾ ಗೇಟಿಗೆ ಹತ್ತಿರ ಇಳಿಸುತ್ತದೆ, ತಿಬುರ್ತಿನಾ ರಸ್ತೆಯದು ದೂರ ಇಳಿಸುತ್ತದೆ. ಹತ್ತಿರ ಇಳಿಸುವ ಬಸ್ಸುಗಳು ಕಡಿಮೆ, ಹಿಂದಿನ ದಿನವೇ ಸಮಯ ನೋಡಿಟ್ಟುಕೊಳ್ಳಿ. ವಯಸ್ಸಾದವರ ಜೊತೆ ಹೋಗುವಾಗ ಈ ವ್ಯತ್ಯಾಸ ದೊಡ್ಡದು.

ಗೈಡ್ ಐವತ್ತು ದಾಟಿದ ಹೆಂಗಸು, ಹುಟ್ಟಿ ಬೆಳೆದದ್ದು ತಿವೊಲಿಯಲ್ಲೇ. ಅವರು ಮೊದಲು ಇಡೀ ಜಾಗದ ದೊಡ್ಡ ಮಾದರಿ ಇಟ್ಟಿರುವ ಕೋಣೆಗೆ ಕರೆದುಕೊಂಡು ಹೋದರು, ಆಮೇಲೆ ಒಂದು ಮಾತು ಹೇಳಿದರು: ಗೋಡೆ ನೋಡಬೇಡಿ, ನೆಲ ನೋಡಿ. ಅಷ್ಟೇ ಸಾಕಾಯಿತು. ಚಕ್ರವರ್ತಿ ಓಡಾಡುತ್ತಿದ್ದ ಕಡೆ ನೆಲಕ್ಕೆ ಬಣ್ಣ ಬಣ್ಣದ ಅಮೃತಶಿಲೆಯ ತುಂಡುಗಳು. ಹೊಸ್ಪಿತಾಲಿಯಾ ಅನ್ನುವ ಭಾಗದಲ್ಲಿ ಹತ್ತು ಕೋಣೆ, ಒಂದೊಂದರಲ್ಲಿ ಮೂರು ಹಾಸಿಗೆಗೆ ಜಾಗ, ನೆಲಕ್ಕೆ ಕಪ್ಪು ಬಿಳಿ ಮೊಸಾಯಿಕ್. ಅದು ಅರಮನೆಯ ಸಿಬ್ಬಂದಿಗೆ. ಒಬ್ಬರೇ ಕೂರುವ ಶೌಚಾಲಯ ಇದ್ದರೆ ದೊಡ್ಡವರ ಜಾಗ, ಸಾಲಾಗಿ ಕೂರುವುದಿದ್ದರೆ ಉಳಿದವರದು. ಎಲ್ಲಕ್ಕಿಂತ ಕೆಳಗೆ ನೆಲದಡಿಯ ದಾರಿಗಳು. ಆಳುಗಳು, ಗಾಡಿಗಳು ಮೇಲಿನವರ ಕಣ್ಣಿಗೆ ಬೀಳದೆ ಓಡಾಡಲಿ ಅಂತ ಕೊರೆದದ್ದು. ನೂರು ಕೋಣೆಗಳು ಅಂತ ಹೆಸರಿರುವ ಚೆಂತೊ ಕಮೆರೆಲ್ಲೆಯ ಸಾಲು ಗೂಡುಗಳನ್ನು ಹಿಂದೆ ಎರಡು ಸಲ ನೋಡಿ ಸುಮ್ಮನೆ ಮುಂದೆ ಹೋಗಿದ್ದೆ. ಆಳುಗಳು ಮಲಗುತ್ತಿದ್ದ ಜಾಗ ಅಂತ ಈಗ ತಿಳಿದು ಮನಸ್ಸು ಭಾರವಾಯಿತು. ಅಮ್ಮ ಅಲ್ಲೇ ನಿಂತು ತುಂಬಾ ಹೊತ್ತು ನೋಡಿದರು.

ಗೋಡೆಗಳಲ್ಲಿ ಅಲ್ಲಲ್ಲಿ ತೂತುಗಳಿವೆ. ಅಮೃತಶಿಲೆಯ ಹಲಗೆಗಳನ್ನು ಹಿಡಿದಿದ್ದ ಕೊಂಡಿಗಳ ಗುರುತು. ಹಲಗೆಗಳೆಲ್ಲ ಎಲ್ಲಿ ಹೋದವು ಅಂತ ಅಪ್ಪ ಕೇಳಿದಾಗ ಗೈಡ್ ಕೈ ಎತ್ತಿ ಮೇಲಿನ ಊರನ್ನು ತೋರಿಸಿದರು. ವಿಲ್ಲಾ ದೆಸ್ತೆಯ ತೋಟ ಯೋಜಿಸಿದ ಪಿರ್ರೊ ಲಿಗೋರಿಯೊ ಇಲ್ಲಿ ಅಗೆಸಿದವನು. ಇಲ್ಲಿಂದ ಶಿಲ್ಪ, ಅಮೃತಶಿಲೆ ಹೊತ್ತು ಕಾರ್ಡಿನಲ್‌ನ ತೋಟಕ್ಕೆ ಹಾಕಿದರು. ಎರಡು ವಿಲ್ಲಾ ಒಂದೇ ಟಿಕೆಟ್‌ನಲ್ಲಿ ಯಾಕೆ ತೋರಿಸುತ್ತಾರೆ ಅಂತ ನನಗೆ ಆಗ ಅರ್ಥವಾಯಿತು. ಕೆಳಗಿನದನ್ನು ಮೊದಲು ನೋಡಬೇಕು ಅನ್ನುವುದೂ ಆಗಲೇ ಗೊತ್ತಾಯಿತು. ಎರಡನೇ ಸಲ ನಾವು ತಿರುಗಾಮುರುಗಾ ನೋಡಿದ್ದೆವು.

ಗೈಡನ್ನು ಕಳಿಸಿ ಆಲಿವ್ ಮರದಡಿ ಕೂತು ಪುಳಿಯೋಗರೆ ತಿಂದೆವು, ಆಮೇಲೆ ಊರ ಬಸ್ಸಲ್ಲಿ ಮೇಲೆ ಹೋದೆವು. ವಿಲ್ಲಾ ದೆಸ್ತೆಯಲ್ಲಿ ಎರಡೂವರೆಯ ಆರ್ಗನ್ ಸಿಕ್ಕಿತು. ಅಲ್ಲಿ ಗೈಡ್ ಇಲ್ಲ, ಆದರೆ ಅಪ್ಪ ಇದ್ದರು. ಇಷ್ಟೊಂದು ಕಾರಂಜಿ ಇವೆ, ಪಂಪ್ ಎಲ್ಲಿ ಅಂತ ಹುಡುಕುತ್ತಿದ್ದರು. ಪಂಪೇ ಇಲ್ಲ. ಅನಿಯೇನೆ ನದಿಯ ನೀರನ್ನು ಊರಿನ ಕೆಳಗೆ ಸುಮಾರು 600 ಮೀಟರ್ ಸುರಂಗ ಕೊರೆದು ತಂದಿದ್ದಾರೆ, ಉಳಿದದ್ದೆಲ್ಲ ಇಳಿಜಾರಿನ ಕೆಲಸ. ಇದನ್ನು ಹೇಳಿದ ಮೇಲೆ ಅವರು ಪ್ರತಿ ಮಟ್ಟದಲ್ಲೂ ನಿಂತು, ಇಲ್ಲಿಂದ ಅಲ್ಲಿಗೆ ಎಷ್ಟು ಅಡಿ ಇಳಿತ, ಅದಕ್ಕೆ ಈ ಧಾರೆ ಎಷ್ಟು ಎತ್ತರ ಏರಬಹುದು ಅಂತ ಲೆಕ್ಕ ಹಾಕಿದರು. ಅಷ್ಟು ಖುಷಿಯಾಗಿ ಅವರನ್ನು ನೋಡಿ ವರ್ಷಗಳಾಗಿದ್ದವು.

ಅಮ್ಮನಿಗೆ ಮಾತ್ರ ಮೆಟ್ಟಿಲು ಕಷ್ಟವಾಯಿತು, ಇದನ್ನು ಮುಚ್ಚಿಡುವುದಿಲ್ಲ. ಅರಮನೆ ಮೇಲಿದೆ, ತೋಟ ಕೆಳಕ್ಕೆ ಇಳಿಯುತ್ತಾ ಹೋಗುತ್ತದೆ. ಇಳಿದಷ್ಟೂ ಹತ್ತಬೇಕು. ನೂರು ಕಾರಂಜಿಗಳ ದಾರಿ ಅರ್ಧದಲ್ಲೇ ಸಿಗುತ್ತದೆ, ಮಟ್ಟಸವಾಗಿಯೂ ಇದೆ. ಅಮ್ಮ ಅಲ್ಲೇ ನಿಂತರು, ನಾನೂ ಜೊತೆಗೆ ಕೂತೆ. ಕೆಳಗಿನ ಮೀನಿನ ಕೊಳಗಳನ್ನು ಅಪ್ಪ ಒಬ್ಬರೇ ನೋಡಿ ಬಂದರು. ಟೂರ್ ಬಸ್ಸಲ್ಲಿ ಬಂದಿದ್ದರೆ ಹೀಗೆ ಅರ್ಧದಲ್ಲಿ ಕೂರುವ ಅವಕಾಶವೇ ಇರುತ್ತಿರಲಿಲ್ಲ. ಹಾಗಂತ ಟೂರ್ ಬಸ್ ಯಾರಿಗೂ ಬೇಡ ಅಂತ ನಾನು ಹೇಳುವುದಿಲ್ಲ. ಮೆಟ್ರೋ, ಬಸ್ ಬದಲಾಯಿಸುವುದು ಆಗದವರು, ಇಟಲಿಯಲ್ಲಿ ಮೂರೇ ದಿನ ಇರುವವರು, ಒಬ್ಬರೇ ಬಂದು ಭಾಷೆಗೆ ಹೆದರುವವರು ಅದರಲ್ಲೇ ಹೋಗಲಿ. ಆದರೆ ದುಡ್ಡು ಕೊಡುವ ಮುಂಚೆ ಎರಡು ಪ್ರಶ್ನೆ ಕೇಳಿ: ವಿಲ್ಲಾ ದೆಸ್ತೆಯಲ್ಲಿ ಎಷ್ಟು ಹೊತ್ತು, ಆರ್ಗನ್ ನುಡಿಯುವ ಹೊತ್ತಿಗೆ ನಾವು ಅಲ್ಲಿರುತ್ತೇವಾ.

ವಿಲ್ಲಾ ಗ್ರೆಗೋರಿಯಾನಾ ಅಂತ ಮೂರನೆಯದೂ ಒಂದಿದೆ. 1826ರ ಪ್ರವಾಹದಲ್ಲಿ ಅನಿಯೇನೆ ಊರನ್ನು ಕೊಚ್ಚಿದ ಮೇಲೆ ಪೋಪ್ 16ನೇ ಗ್ರೆಗರಿ ಕಾಲದಲ್ಲಿ ಬೆಟ್ಟದೊಳಗೆ ಸುರಂಗ ಕೊರೆದು ನದಿಯನ್ನು ತಿರುಗಿಸಿದರು, ಆಗ ಆದ ಜಲಪಾತ ಮತ್ತು ಕಣಿವೆಯ ಕಾಡು. ಗಂಡನ ಜೊತೆ ಬಂದಾಗ ಮೇಲಿಂದ ಇಣುಕಿ ನೋಡಿದ್ದೆ ಅಷ್ಟೇ. ಕಡಿದಾದ ದಾರಿ, ವಯಸ್ಸಾದವರಿಗೆ ಬೇಡ. ಒಂದೇ ದಿನದಲ್ಲಿ ಮೂರನ್ನೂ ತುರುಕಬೇಡಿ.

ಸೋಮವಾರ ಹೋಗುವುದಿದ್ದರೆ ಸಮಯ ನೋಡಿಕೊಳ್ಳಿ, ವಿಲ್ಲಾ ದೆಸ್ತೆ ಅವತ್ತು ತೆರೆಯುವುದು ಮಧ್ಯಾಹ್ನ. ಬೆಳಗ್ಗೆ ವಿಲ್ಲಾ ಅದ್ರಿಯಾನಾ ಇಟ್ಟುಕೊಂಡರೆ ಅದೂ ಸರಿಹೋಗುತ್ತದೆ. ತಿಂಗಳ ಮೊದಲ ಭಾನುವಾರ ಪ್ರವೇಶ ಉಚಿತ, ಆದರೆ ಜನ ಜಾಸ್ತಿ. ಬರುವ ಮೇ ತಿಂಗಳಲ್ಲಿ ತಂಗಿ ಮತ್ತೆ ಬರುತ್ತಿದ್ದಾಳೆ. ಅದೇ ಗೈಡ್‌ಗೆ ಬೆಳಗ್ಗೆ ಒಂಬತ್ತೂವರೆಗೆ ಅಂತ ಈಗಾಗಲೇ ಹೇಳಿಟ್ಟಿದ್ದೇನೆ. ಆಮೇಲೆ ಎರಡೂವರೆಯ ಆರ್ಗನ್ ಕೇಳಿ, ಅವಳಿಗೆ ಬೇಕು ಅನ್ನಿಸಿದರೆ ನಾಲ್ಕೂವರೆಯದಕ್ಕೂ ಅಲ್ಲೇ ಕಾಯುತ್ತೇವೆ.