ದಿ ಡೈಲಿ ಶೋ ನೋಡಲೋ, ಲಾಸ್ಟ್ ವೀಕ್ ಟುನೈಟ್ ನೋಡಲೋ?

ಅಮೆರಿಕದ ರಾಜಕೀಯ ವಿಡಂಬನೆಗೆ ನೀವು ಹೊಸಬರಾದರೆ ಆಯ್ಕೆ ಸಾಮಾನ್ಯವಾಗಿ ಈ ಎರಡು ಟಿವಿ ಕಾರ್ಯಕ್ರಮಗಳ ನಡುವೆಯೇ. 1996ರಲ್ಲಿ ಶುರುವಾದ ‘ದಿ ಡೈಲಿ ಶೋ’ ಸೋಮವಾರದಿಂದ ಗುರುವಾರದವರೆಗೆ ಅಂದಂದಿನ ಸುದ್ದಿಯ ಬೆನ್ನು ಹತ್ತುತ್ತದೆ. ಹಿನ್ನೆಲೆ ಗೊತ್ತಿಲ್ಲದಿದ್ದರೆ ಅರ್ಧ ನಗೆ ಕೈತಪ್ಪುತ್ತದೆ. ವಾರ ಕಳೆದರೆ ಸಪ್ಪೆ.

2014ರಲ್ಲಿ ಎಚ್‌ಬಿಒ ಚಾನೆಲ್‌ನಲ್ಲಿ ಬಂದ ‘ಲಾಸ್ಟ್ ವೀಕ್ ಟುನೈಟ್’ನ ಜಾಡೇ ಬೇರೆ. ಜಾನ್ ಆಲಿವರ್ (ಡೈಲಿ ಶೋದಲ್ಲೇ ಪಳಗಿದವರು) ವಾರಕ್ಕೊಂದು ವಿಷಯವನ್ನು ಬುಡದಿಂದ ಬಿಡಿಸಿಡುತ್ತಾರೆ: ಜಾಮೀನು, ಜೈಲು, ಹೀಗೆ. ಜಾಹೀರಾತಿನ ಅಡ್ಡಿಯಿಲ್ಲ. ಮೊದಲ ವರ್ಷವೇ ನೆಟ್ ನ್ಯೂಟ್ರಾಲಿಟಿ (ಅಂತರ್ಜಾಲ ಕಂಪನಿಗಳು ಎಲ್ಲ ಜಾಲತಾಣಗಳನ್ನೂ ಸಮಾನವಾಗಿ ಕಾಣಬೇಕೆಂಬ ತತ್ವ) ಕುರಿತು ಮಾತಾಡಿದಾಗ, ಸರ್ಕಾರಿ ನಿಯಂತ್ರಕರ ಜಾಲತಾಣಕ್ಕೆ ಜನರ ಅಭಿಪ್ರಾಯಗಳ ಹೊಳೆಯೇ ಹರಿಯಿತು. ಅದರ ಹಳೆಯ ಕಂತುಗಳನ್ನು ಇಂದಿಗೂ ಧಾರಾಳವಾಗಿ ನೋಡಬಹುದು. ನನ್ನ ಮತ ಇದಕ್ಕೇ. ಅಲ್ಲಿನ ಸುದ್ದಿಯನ್ನು ದಿನವೂ ಓದುವವರಾದರೆ ಮಾತ್ರ ಮೊದಲನೆಯದು.