ಜಾಲಿ ಬಾಯ್ ದ್ವೀಪಕ್ಕೆ ಹೊರಡುವವರು ಪರವಾನಗಿಯನ್ನು ಮೊದಲು ಕೈಗೆ ಪಡೆಯಿರಿ

ಜಾಲಿ ಬಾಯ್ ದ್ವೀಪವಿರುವ ಅಂಡಮಾನಿನ ಮಹಾತ್ಮಾ ಗಾಂಧಿ ಸಾಗರ ರಾಷ್ಟ್ರೀಯ ಉದ್ಯಾನವನ್ನು ನೋಡಬೇಕೆಂದು ಧಾರವಾಡದಿಂದ ಹೊರಟ ನಾವು ನಾಲ್ವರು, ಅದರ ಜೆಟ್ಟಿಯವರೆಗೆ ಹೋಗಿ ದೋಣಿ ಹತ್ತದೆ ಹಿಂದಿರುಗಿದೆವು. ರಜೆಯಲ್ಲಿ ನಮ್ಮ ಭಾಗದಿಂದ ಅಲ್ಲಿಗೆ ಹೋಗಲು ಸಿದ್ಧತೆ ನಡೆಸಿರುವವರಿಗಾಗಿ ಇದನ್ನು ಬರೆಯುತ್ತಿದ್ದೇನೆ.

ಪ್ರವಾಸವನ್ನು ಹುಬ್ಬಳ್ಳಿಯ ಒಬ್ಬ ಏಜೆಂಟರ ಮೂಲಕ ಗೊತ್ತುಮಾಡಿದ್ದೆವು. ಚೆನ್ನೈನಿಂದ ಹಡಗಿನಲ್ಲಾದರೆ ಸುಮಾರು ಮೂರು ದಿನ ಹಿಡಿಯುತ್ತದೆ. ಎಪ್ಪತ್ತು ದಾಟಿದ ನನ್ನ ತಾಯಿಗೆ ಅದು ಆಗದ ಮಾತಾದ್ದರಿಂದ, ರಾತ್ರಿ ರೈಲಿನಲ್ಲಿ ಬೆಂಗಳೂರು ಸೇರಿ ಅಲ್ಲಿಂದ ವಿಮಾನದಲ್ಲಿ ಹೋದೆವು. ಅಲ್ಲಿಯವರೆಗೆ ಯಾವ ತೊಂದರೆಯೂ ಆಗಲಿಲ್ಲ. ಉದ್ಯಾನದ ಪರವಾನಗಿ ಮತ್ತು ದೋಣಿಗೆಂದು ಏಜೆಂಟರು ತಲಾ 2,500 ರೂಪಾಯಿಯಂತೆ 10,000 ರೂಪಾಯಿಗಳನ್ನು ಪ್ರತ್ಯೇಕವಾಗಿ ಪಡೆದು, "ಎಲ್ಲಾ ನಮ್ಮ ಜವಾಬ್ದಾರಿರೀ ಸರ್, ನೀವು ಆರಾಮ ಹೋಗಿಬರ್ರಿ" ಎಂದಿದ್ದರು. ರಸೀದಿಯಲ್ಲಿ ಇದ್ದದ್ದು ‘ದ್ವೀಪ ದರ್ಶನ’ ಎಂಬ ಎರಡೇ ಪದ. ಯಾವ ದ್ವೀಪ, ಯಾವ ದಿನ ಎಂದು ನಾನು ಬರೆಸಿಕೊಳ್ಳಲಿಲ್ಲ. ಮೂವತ್ತು ವರ್ಷ ಕಡತಗಳ ನಡುವೆಯೇ ಕಳೆದವನಿಗೆ ಅಷ್ಟು ತಿಳಿಯಬೇಕಿತ್ತು.

ಭಾನುವಾರ ಪೋರ್ಟ್ ಬ್ಲೇರ್‌ನಲ್ಲಿ ಇಳಿದೆವು. (2024ರಿಂದ ಅದರ ಹೆಸರು ಶ್ರೀ ವಿಜಯಪುರಂ.) ಮರುದಿನ ನಸುಕಿನಲ್ಲೇ ತಾಯಿಯನ್ನು ಎಬ್ಬಿಸಿಕೊಂಡು ಸುಮಾರು 30 ಕಿಲೋಮೀಟರು ದೂರದ ವಂಡೂರ್ ಜೆಟ್ಟಿಗೆ ಹೋದರೆ, ಟಿಕೆಟ್ ಕಿಟಕಿ ಮುಚ್ಚಿತ್ತು, ದೋಣಿಗಳೆಲ್ಲ ದಡದಲ್ಲೇ ಕಟ್ಟಿದ್ದವು. ಸೋಮವಾರ ಉದ್ಯಾನಕ್ಕೆ ರಜೆ ಎಂದು ಕಾವಲುಗಾರ ಹೇಳಿದ. ಚಾಲಕನನ್ನು ಕೇಳಿದರೆ, ತನ್ನ ಪಟ್ಟಿಯಲ್ಲಿ ವಂಡೂರ್ ಎಂದಷ್ಟೇ ಇದ್ದುದರಿಂದ ಸಮುದ್ರತೀರಕ್ಕೆ ಬಂದಿದ್ದೀರೆಂದು ಭಾವಿಸಿದೆ ಎಂದ. ನಮ್ಮ ಕೈಚೀಲ ನೋಡಿದ ಕಾವಲುಗಾರ, ರಜೆ ಇಲ್ಲದಿದ್ದರೂ ಇದನ್ನು ಒಳಗೆ ಬಿಡುತ್ತಿರಲಿಲ್ಲ ಎಂದೂ ಸೇರಿಸಿದ: ತಾಯಿ ರೊಟ್ಟಿ, ಶೇಂಗಾ ಚಟ್ನಿ, ಪೇಢೆಗಳನ್ನೆಲ್ಲ ಪ್ಲಾಸ್ಟಿಕ್ ಚೀಲಗಳಲ್ಲಿ ಕಟ್ಟಿಕೊಂಡು ಬಂದಿದ್ದರು, ದ್ವೀಪಕ್ಕೆ ಪ್ಲಾಸ್ಟಿಕ್ ಒಯ್ಯುವಂತಿಲ್ಲ. ಮೊಸಳೆಯ ಎಚ್ಚರಿಕೆ ಫಲಕದ ಪಕ್ಕದಲ್ಲಿ ಕುಳಿತು ಆ ರೊಟ್ಟಿ ತಿಂದೆವು.

ಫೋನಿನಲ್ಲಿ ಏಜೆಂಟರು, "ಬದಲಿಗೆ ನಾರ್ತ್ ಬೇ ಮಾಡಿಕೊಡ್ತೀವ್ರಿ, ಎರಡೂ ಒಂದರೀ" ಎಂದರು. ಎರಡೂ ಒಂದಲ್ಲ. ಹಳೆಯ 20 ರೂಪಾಯಿ ನೋಟಿನ ಹಿಂಬದಿಯ ದೀಪಸ್ತಂಭದಿಂದ ಹೆಸರಾದ ನಾರ್ತ್ ಬೇ, ಈ ಉದ್ಯಾನದೊಳಗೆ ಬರುವುದೇ ಇಲ್ಲ. 1983ರಲ್ಲಿ ಘೋಷಿತವಾದ ಉದ್ಯಾನದಲ್ಲಿಯೂ ಪ್ರವಾಸಿಗರಿಗೆ ತೆರೆಯುವುದು ಒಂದು ಕಾಲಕ್ಕೆ ಒಂದೇ ದ್ವೀಪ: ಮಳೆಗಾಲ ಕಳೆದ ಮೇಲೆ ಜಾಲಿ ಬಾಯ್, ಮಳೆಗಾಲದಲ್ಲಿ ರೆಡ್ ಸ್ಕಿನ್. ಹವಳಕ್ಕೆ ಬಿಡುವು ಸಿಗಲೆಂದು ಮಾಡಿದ ಈ ವ್ಯವಸ್ಥೆ ತಿಳಿಯದವರಿಗೆ ಜುಲೈಯಲ್ಲೂ ಜಾಲಿ ಬಾಯ್ ಚಿತ್ರ ತೋರಿಸಿ ಹಣ ಪಡೆಯುವುದು ಸುಲಭ.

ಮಂಗಳವಾರದಿಂದ ಹ್ಯಾವ್‌ಲಾಕ್ ದ್ವೀಪದ ಟಿಕೆಟ್ ಇತ್ತು. ಗುರುವಾರ ಮರಳಿ ಬಂದು ನಾವೇ ಪರವಾನಗಿಗೆ ಪ್ರಯತ್ನಿಸಿದಾಗ ಮರುದಿನಕ್ಕೆ ಬಿಡುವ ಪ್ರವಾಸಿಗರ ಸಂಖ್ಯೆ ಭರ್ತಿಯಾಗಿತ್ತು. ಶನಿವಾರ ಬೆಳಿಗ್ಗೆ ನಮ್ಮ ವಿಮಾನ.

ಹೋಗುವವರು ನಿಮ್ಮ ಹೆಸರು, ದ್ವೀಪ ಮತ್ತು ದಿನಾಂಕ ಇರುವ ಪರವಾನಗಿಯ ಪ್ರತಿಯನ್ನು ಹೊರಡುವ ಮುನ್ನವೇ ಕೇಳಿ ಪಡೆಯಿರಿ, ಉಳಿದ ಹಣವನ್ನು ಆಮೇಲೆ ಕೊಡಿ. ವಯಸ್ಸಾದವರಿದ್ದರೆ ಇನ್ನೊಂದು ಮಾತು: ಜಾಲಿ ಬಾಯ್‌ನಲ್ಲಿ ಜೆಟ್ಟಿ ಇಲ್ಲ, ದೊಡ್ಡ ದೋಣಿಯಿಂದ ಗಾಜಿನ ತಳದ ಸಣ್ಣ ದೋಣಿಗೆ ನೀರಿನ ಮೇಲೆಯೇ ದಾಟಬೇಕು. ಇದನ್ನೂ ನಮಗೆ ಯಾರೂ ಹೇಳಿರಲಿಲ್ಲ.

ಮೂರು ಸಲ ಕಚೇರಿಗೆ ಅಲೆದ ಮೇಲೆ 4,000 ರೂಪಾಯಿ ಮರಳಿದೆ. ಉಳಿದ ಹಣಕ್ಕಾಗಿ ಧಾರವಾಡದ ಜಿಲ್ಲಾ ಗ್ರಾಹಕರ ಆಯೋಗಕ್ಕೆ ದೂರು ಬರೆಯುತ್ತಿದ್ದೇನೆ. ‘ದ್ವೀಪ ದರ್ಶನ’ ಎಂಬ ಆ ರಸೀದಿಯೇ ನನ್ನ ಬಳಿ ಇರುವ ಏಕೈಕ ಕಾಗದ.