ಸಂಗೀತ ವಿಮರ್ಶಕರಿಗೂ ಪತ್ರಿಕೋದ್ಯಮದ ತರಗತಿಗೂ: ಝೂಮ್ ಎಚ್1ಎನ್ ರೆಕಾರ್ಡರ್

ಕಛೇರಿಯ ವಿಮರ್ಶೆ ಬರೆಯುವಾಗ ನೆನಪು ಮೋಸ ಮಾಡುವುದು ಸಣ್ಣ ವಿವರಗಳಲ್ಲಿ. ಲಯ ಎಲ್ಲಿ ಓಡಿತು, ದನಿ ಎಲ್ಲಿ ಶ್ರುತಿ ಬಿಟ್ಟಿತು ಎಂದು ಬರೆಯುವ ಮುನ್ನ ಇನ್ನೊಮ್ಮೆ ಕೇಳಿ ಖಚಿತ ಮಾಡಿಕೊಳ್ಳುವುದು ಕಲಾವಿದರಿಗೆ ಸಲ್ಲಬೇಕಾದ ನ್ಯಾಯ. ಆಯೋಜಕರ ಮತ್ತು ಕಲಾವಿದರ ಅನುಮತಿ ಸಿಕ್ಕ ಕಡೆ ಈ ಕೆಲಸಕ್ಕೆ ಝೂಮ್ ಎಚ್1ಎನ್ ಎಂಬ ಪುಟ್ಟ ಧ್ವನಿಮುದ್ರಕ ಚೆನ್ನಾಗಿ ಒದಗುತ್ತದೆ. ಸಂದರ್ಶನ ಕಲಿಸುವ ತರಗತಿಗೂ ಇದನ್ನೇ ಶಿಫಾರಸು ಮಾಡಬಹುದು.

ಜೇಬಿನಲ್ಲಿ ಹಿಡಿಸುವ ಗಾತ್ರ. ತುದಿಯಲ್ಲಿ 90 ಡಿಗ್ರಿ ಕೋನದಲ್ಲಿ ಕೂರಿಸಿದ ಎರಡು ಮೈಕ್. ಎರಡು ಎಎಎ ಆಲ್ಕಲೈನ್ ಸೆಲ್ ಹಾಕಿದರೆ ಸುಮಾರು 10 ಗಂಟೆ ನಡೆಯುತ್ತದೆ. ಒಳಗೆ ಮೆಮೊರಿ ಇಲ್ಲ, ಕಾರ್ಡ್ ಹಾಕಲೇಬೇಕು. ಅದೂ 32 ಜಿಬಿವರೆಗೆ ಮಾತ್ರ. 48 ಕಿಲೋಹರ್ಟ್ಸ್, 24 ಬಿಟ್ ವೇವ್ ಕಡತ ಗಂಟೆಗೆ ಸುಮಾರು 1 ಜಿಬಿ ನುಂಗುವುದರಿಂದ ಅಷ್ಟು ಜಾಗ ಧಾರಾಳವಾಗಿ ಸಾಕು.

ಇದರ ಜೀವಾಳ ಮುಂಭಾಗದಲ್ಲಿರುವ 0ಯಿಂದ 10ರವರೆಗಿನ ತಿರುಗುಗುಂಡಿ. ಧ್ವನಿ ಎಷ್ಟು ಜೋರಾಗಿ ದಾಖಲಾಗಬೇಕೆಂಬ ಮಟ್ಟವನ್ನು ಕೈಯಿಂದಲೇ ಹೊಂದಿಸಬೇಕು. ಕಲಾವಿದರು ಧ್ವನಿ ಪರೀಕ್ಷೆ ಮಾಡುವಾಗ ಅತಿ ಜೋರಾದ ಭಾಗಕ್ಕೆ ಮಾಪಕ ಮೈನಸ್ 12 ಡೆಸಿಬೆಲ್ ಆಸುಪಾಸು (ಸೊನ್ನೆ ದಾಟಿದರೆ ಧ್ವನಿ ಒಡೆಯುತ್ತದೆ) ನಿಲ್ಲುವಂತೆ ಇಟ್ಟು, ಆಮೇಲೆ ಮುಟ್ಟದೆ ಬಿಡಿ. ಮಟ್ಟ ತುಸು ಕಡಿಮೆಯಾದರೂ 24 ಬಿಟ್‌ನಲ್ಲಿ ಆಮೇಲೆ ಏರಿಸಿಕೊಳ್ಳಬಹುದು. ಮಟ್ಟ ಮಿತಿಮೀರಿ ಒಡೆದ ಧ್ವನಿಯನ್ನು ಸರಿಪಡಿಸುವುದು ಕಷ್ಟ. ಆಟೋ ಲೆವೆಲ್ ಎಂಬ ಸೌಲಭ್ಯವನ್ನು ಸಂಗೀತಕ್ಕೆ ಎಂದೂ ಬಳಸಬೇಡಿ. ಮೆಲುದನಿಯನ್ನು ಅದು ಎತ್ತುತ್ತದೆ, ಜೋರಾದಾಗ ತಗ್ಗಿಸುತ್ತದೆ. ಗಾಯಕರು ಬೇಕೆಂದೇ ತಂದ ಏರಿಳಿತ ಅಲ್ಲಿಗೆ ಸಪಾಟು. ಅದನ್ನು ಕೇಳಿ ‘ಭಾವದ ಏರಿಳಿತವಿಲ್ಲ’ ಎಂದು ಬರೆದರೆ ತಪ್ಪು ಯಂತ್ರದ್ದು, ಕೆಟ್ಟ ಹೆಸರು ಗಾಯಕರಿಗೆ.

ಮೈಕ್ ತಡೆದುಕೊಳ್ಳುವುದು 120 ಡೆಸಿಬೆಲ್‌ವರೆಗಿನ ಶಬ್ದವನ್ನು. ದೊಡ್ಡ ಸ್ಪೀಕರಿನ ಎದುರಿಗೇ ಕುಳಿತರೆ ಧ್ವನಿ ಮೈಕಿನಲ್ಲೇ ಒಡೆಯಬಹುದು, ಆಗ ಗುಂಡಿ ತಗ್ಗಿಸಿದರೂ ಫಲವಿಲ್ಲ. ಜಾಗ ಬದಲಿಸುವುದೊಂದೇ ದಾರಿ.

ದೊಡ್ಡ ಕೊರತೆ ಹಿಡಿತದ ಸದ್ದು. ಪ್ಲಾಸ್ಟಿಕ್ ಕವಚದ ಮೇಲೆ ಬೆರಳು ಸರಿದರೂ ಧ್ವನಿಯಲ್ಲಿ ಬೀಳುತ್ತದೆ. ಹಿಂಬದಿಯಲ್ಲಿ ಟ್ರೈಪಾಡ್ ತಿರುಪಿಗೆ ಜಾಗವಿದೆ, ಪುಟ್ಟ ಟ್ರೈಪಾಡ್ ಒಂದನ್ನು ಸೇರಿಸಿಯೇ ಕೊಳ್ಳಿ. ಇಲ್ಲದಿದ್ದರೆ ಮಡಚಿದ ಬಟ್ಟೆಯ ಮೇಲಿಡಿ; ಬರಿ ಮೇಜಿನ ಮೇಲಿಟ್ಟರೆ ಪೆನ್ನು ಬಡಿದದ್ದೂ ದಾಖಲಾಗುತ್ತದೆ. ಬಯಲಿನಲ್ಲಿ ಗಾಳಿತಡೆ ಇಲ್ಲದೆ ಏನೂ ಕೇಳಿಸುವುದಿಲ್ಲ, ಅದನ್ನು ಪ್ರತ್ಯೇಕವಾಗಿ ಕೊಳ್ಳಬೇಕು. ವೃತ್ತಿಪರರು ಬಳಸುವ, ಮೂರು ಪಿನ್ನಿನ ಎಕ್ಸ್‌ಎಲ್‌ಆರ್ ಮೈಕ್ ಜೋಡಿಸಲು ಬರುವುದಿಲ್ಲ, ಇರುವುದು 3.5 ಮಿ.ಮೀ. ಕಿಂಡಿ ಮಾತ್ರ. ಅಂಗಿಗೆ ಸಿಕ್ಕಿಸುವ ಸಣ್ಣ ಮೈಕಿಗೆ ಅಷ್ಟು ಸಾಕು.

ಸಂದರ್ಶನಕ್ಕೆ ಮಾತಾಡುವವರ ಬಾಯಿಂದ 20-30 ಸೆಂ.ಮೀ. ದೂರದಲ್ಲಿಟ್ಟು ತಳದನಿಯನ್ನು ತಗ್ಗಿಸುವ ಲೋ ಕಟ್ ಅನ್ನು 80 ಹರ್ಟ್ಸ್‌ಗೆ ಇಡಿ. ಫ್ಯಾನು, ಏಸಿಗಳ ಗುಂಯ್‌ಗುಡುವಿಕೆ ಕಡಿಮೆಯಾಗುತ್ತದೆ. ಕಛೇರಿಗೆ ಹೋಗುವಾಗ ಅದನ್ನು ಆಫ್ ಮಾಡಲು ಮರೆಯಬೇಡಿ, ಇಲ್ಲವಾದರೆ ತಾಳವಾದ್ಯದ ತಳದನಿ ಸೊರಗುತ್ತದೆ. ಮಾತನ್ನು ಬರಹಕ್ಕೆ ಇಳಿಸುವಾಗ ನಿಧಾನವಾಗಿ ಕೇಳಿಸುವ ಸೌಲಭ್ಯ ತುಂಬ ಉಪಕಾರಿ. ವಿದ್ಯಾರ್ಥಿಗಳು ಅಂದಾಜಿನ ಉದ್ಧರಣೆ ಬರೆಯುವ ಅಭ್ಯಾಸವನ್ನು ಬಿಡಿಸಲು ಇದಕ್ಕಿಂತ ಒಳ್ಳೆಯ ಉಪಾಯ ಸಿಗುವುದು ಕಷ್ಟ.

ಇದೇ ಸಾಲಿನಲ್ಲಿ 2024ರಲ್ಲಿ ಬಂದ ಎಚ್1ಎಸೆನ್ಶಿಯಲ್ ತೀರ ಮೆಲುದನಿಯಿಂದ ತೀರ ಜೋರಿನವರೆಗೆ ಎಲ್ಲವನ್ನೂ ಹಿಡಿದಿಡುವ 32 ಬಿಟ್ ಫ್ಲೋಟ್‌ನಲ್ಲಿ ಮುದ್ರಿಸುತ್ತದೆ, ಮಟ್ಟ ಹೊಂದಿಸುವ ಗೋಜೇ ಇಲ್ಲ. ಒಬ್ಬರೇ ಓಡಾಡಿ ವಿಮರ್ಶೆ ಬರೆಯುವವರಿಗೆ ಅದೇ ಮೇಲು. ತರಗತಿಗೆ ಮಾತ್ರ ನಾನು ಹಳೆಯದನ್ನೇ ಆರಿಸುತ್ತೇನೆ: ಗುಂಡಿ ತಿರುಗಿಸಿ, ಮಾಪಕ ನೋಡಿ, ಹೆಡ್‌ಫೋನಿನಲ್ಲಿ ಕೇಳಿದಾಗಲೇ ಧ್ವನಿ ಏಕೆ ಒಡೆಯುತ್ತದೆ ಎಂಬುದು ವಿದ್ಯಾರ್ಥಿಗೆ ಅರ್ಥವಾಗುವುದು.

ರೆಕಾರ್ಡಿಂಗ್ ಶುರುವಾದ ಮೇಲೆ ಪಕ್ಕದ ಸ್ವಿಚ್ಚನ್ನು ಹೋಲ್ಡ್‌ಗೆ ಸರಿಸಿ, ಜೇಬಿನಲ್ಲಿ ಗುಂಡಿ ಒತ್ತಿಹೋಗಿ ನಿಂತುಬಿಡುವುದು ತಪ್ಪುತ್ತದೆ. ಕಡತ 2 ಜಿಬಿ ದಾಟಿದೊಡನೆ ಹೊಸದು ತಾನಾಗಿ ತೆರೆದುಕೊಳ್ಳುವುದರಿಂದ, ಎರಡು ಗಂಟೆ ಮೀರಿದ ಕಛೇರಿಯಾದರೆ ಕಾರ್ಡಿನಿಂದ ಎರಡನೆಯ ಕಡತವನ್ನೂ ನಕಲು ಮಾಡಿಕೊಂಡ ಮೇಲಷ್ಟೇ ಅಳಿಸಿ.